ತೆಂಗು ಮರವೇ

“ತೆಂಗು ಮರವಲ್ಲ, ಅದು ಹುಲ್ಲಿನ ಜಾತಿ” ಎಂಬ ಮಾತನ್ನು ಈಗ ಓದಿಕೊಂಡವರು ಬಹಳ ಖಚಿತವಾಗಿ ಹೇಳುತ್ತಾರೆ. ಶಾಲೆಯ ರಸಪ್ರಶ್ನೆಯಲ್ಲಿ ಅದಕ್ಕೆ ಅಂಕ ಸಿಗುತ್ತದೆ. ಮೊಬೈಲಿನಿಂದ ಮೊಬೈಲಿಗೆ ಅದು ‘ನಿಮಗೆ ಗೊತ್ತೇ?’ ಎಂಬ ತಲೆಬರಹ ಹೊತ್ತು ಓಡಾಡುತ್ತದೆ. ಕಾನೂನಿನ ಚರ್ಚೆಗೂ ನುಗ್ಗಿದೆ. ಕಾರಣ ಕೇಳಿದರೆ ಬರುವ ಉತ್ತರ ಒಂದೇ: ತೆಂಗಿನ ಕಾಂಡದಲ್ಲಿ ಕೇಂಬಿಯಂ ಇಲ್ಲ, ಕೇಂಬಿಯಂ ಇಲ್ಲದ್ದು ಮರವಾಗಲಾರದು. ಈ ವಾದದ ಮೊದಲರ್ಧ ನಿಜ, ಎರಡನೆಯ ಅರ್ಧ ಸುಳ್ಳು. ನಿಜದ ಬೆನ್ನೇರಿ ಬಂದ ಸುಳ್ಳಾದ್ದರಿಂದಲೇ ಇದನ್ನು ಯಾರೂ ತಡೆದು ಕೇಳುತ್ತಿಲ್ಲ. ಇದು ವಿಜ್ಞಾನವಲ್ಲ, ವಿಜ್ಞಾನದ ಒಂದು ಶಬ್ದವನ್ನು ಅದಕ್ಕೆ ಸಂಬಂಧಿಸದ ಕೆಲಸಕ್ಕೆ ಹೂಡಿದ ತಪ್ಪು. ಆ ತಪ್ಪಿನ ಬೆಲೆಯನ್ನು ತೆಂಗೂ ತೆಂಗು ಬೆಳೆಯುವವರೂ ತೆರಬೇಕಾಗುತ್ತದೆ.

ಈ ವಾದವನ್ನು ಒರೆಗೆ ಹಚ್ಚಲು ಕಂಬಂ ಕಣಿವೆಗಿಂತ ಒಳ್ಳೆಯ ಜಾಗ ಬೇಕಿಲ್ಲ. ತಮಿಳುನಾಡಿನ ತೇನಿ ಜಿಲ್ಲೆಯಲ್ಲಿ, ಪಶ್ಚಿಮಘಟ್ಟದ ಮಡಿಲಲ್ಲಿ, 1895ರಲ್ಲಿ ಮುಗಿದ ಪೆರಿಯಾರ್ ಅಣೆಕಟ್ಟಿನ ನೀರು ಹರಿದು ಬರುವ ಕಣಿವೆ ಅದು. ಚಿನ್ನಮನೂರು, ಮಾರ್ಕಯನ್‌ಕೋಟ್ಟೈ, ಉತ್ತಮಪಾಳಯಂ, ಕಂಬಂ ಎಂದು ಊರುಗಳನ್ನು ದಾಟುತ್ತ ಹೋದರೆ ದಾರಿಯುದ್ದಕ್ಕೂ ತೆಂಗು, ಬಾಳೆ, ದ್ರಾಕ್ಷಿ ಕಣ್ಣಿಗೆ ಬೀಳುತ್ತವೆ. ಇಲ್ಲಿ ಕನ್ನಡ ಮನೆಮಾತಿನ ಒಕ್ಕಲಿಗರೂ ಕಾಪಿಲಿಯರೂ ತಲೆಮಾರುಗಳಿಂದ ಬೇಸಾಯ ಮಾಡಿಕೊಂಡಿದ್ದಾರೆ. ಮನೆಯೊಳಗೆ ಕನ್ನಡ, ಮಂಡಿಯಲ್ಲಿ ತಮಿಳು. ಎರಡು ಭಾಷೆಯಲ್ಲೂ ತೆಂಗು ಮರವೇ: ಒಂದರಲ್ಲಿ ತೆಂಗಿನ ಮರ, ಇನ್ನೊಂದರಲ್ಲಿ ತೆನ್ನೈ ಮರಂ. ಈ ಬೇಸಾಯಗಾರರಿಗೆ “ನೀವು ಹೇಳುವುದು ತಪ್ಪು” ಎನ್ನುವ ಮೊದಲು ಹೇಳುವವರು ತಮ್ಮ ಶಬ್ದದ ಅರ್ಥವನ್ನು ಸರಿಯಾಗಿ ತಿಳಿದಿರಬೇಕು.

ಕೇಂಬಿಯಂ ಎಂದರೇನು? ಮಾವು, ಬೇವು, ಹುಣಸೆಯಂಥ ಗಿಡಗಳ ಕಾಂಡದಲ್ಲಿ ನೀರೇರಿಸುವ ಕ್ಸೈಲಂ ಒಳಗಡೆಗೂ ಆಹಾರ ಸಾಗಿಸುವ ಫ್ಲೋಯಂ ಹೊರಗಡೆಗೂ ಇರುತ್ತವೆ. ಎರಡರ ನಡುವೆ ತೆಳ್ಳನೆಯ ಪೊರೆಯಂಥ ಒಂದು ಪದರವಿದೆ. ಅದರ ಜೀವಕೋಶಗಳು ಬೇಸರವಿಲ್ಲದೆ ಒಡೆದು ಎರಡಾಗುತ್ತಲೇ ಇರುತ್ತವೆ. ಒಳಮುಖವಾಗಿ ಹುಟ್ಟಿದ ಕೋಶಗಳು ಹೊಸ ಕ್ಸೈಲಂ ಆಗುತ್ತವೆ, ಹೊರಮುಖವಾಗಿ ಹುಟ್ಟಿದವು ಹೊಸ ಫ್ಲೋಯಂ. ಹೀಗೆ ಕಾಂಡ ವರ್ಷದಿಂದ ವರ್ಷಕ್ಕೆ ದಪ್ಪಗಾಗುತ್ತದೆ. ನಡುವಿನ ಹಳೆಯ ಕ್ಸೈಲಂ ಗಟ್ಟಿಯಾಗಿ ಚೇಗಾಗುತ್ತದೆ. ಇದಕ್ಕೆ ಸಸ್ಯಶಾಸ್ತ್ರದಲ್ಲಿ ದ್ವಿತೀಯಕ ಬೆಳವಣಿಗೆ ಎಂದು ಹೆಸರು. ಕೇಂಬಿಯಂ ಎಂಬ ಶಬ್ದ ಉತ್ತರಿಸುವ ಪ್ರಶ್ನೆ ಇದೊಂದೇ: ಕಾಂಡ ಹೇಗೆ ದಪ್ಪಗಾಗುತ್ತದೆ? ‘ಯಾವುದು ಮರ?’ ಎಂಬ ಪ್ರಶ್ನೆಯನ್ನು ಅದು ಕೇಳುವುದೂ ಇಲ್ಲ, ಅದಕ್ಕೆ ಉತ್ತರಿಸುವುದೂ ಇಲ್ಲ.

ತೆಂಗಿನ ಕಾಂಡದಲ್ಲಿ ಆ ಪದರವಿಲ್ಲ ಎಂಬುದನ್ನು ನಾನು ಅಲ್ಲಗಳೆಯುವುದಿಲ್ಲ. ತೆಂಗನ್ನು ಅಡ್ಡಕ್ಕೆ ಕೊಯ್ದರೆ ಒಂದರ ಸುತ್ತ ಒಂದಾಗಿ ಕೂತ ವರ್ಷದ ಉಂಗುರಗಳು ಸಿಗವು. ಕಂದು ಚುಕ್ಕೆಗಳಂತೆ ಎಲ್ಲೆಡೆ ಚೆದುರಿದ ನಾಳಗಳ ಕಂತೆಗಳು ಕಾಣುತ್ತವೆ; ನಡುವಿನಲ್ಲಿ ವಿರಳ, ಅಂಚಿನಲ್ಲಿ ದಟ್ಟ. ಆದರೆ ಇಲ್ಲ ಎನ್ನುವುದನ್ನಷ್ಟೇ ಹೇಳಿ, ಅದರ ಬದಲಿಗೆ ಏನಿದೆ ಎನ್ನುವುದನ್ನು ಬಿಡುವುದು ಅರ್ಧ ಪಾಠ. ಎಳೆಯ ತೆಂಗು ಮೊದಲ ಕೆಲವು ವರ್ಷ ಎತ್ತರಕ್ಕೆ ಹೋಗುವ ಅವಸರ ಮಾಡುವುದಿಲ್ಲ. ನೆಲದ ಮಟ್ಟದಲ್ಲೇ ಕುಳಿತು ತನ್ನ ಬುಡದ ಸುತ್ತಳತೆಯನ್ನು ಪೂರ್ತಿ ಕಟ್ಟಿಕೊಳ್ಳುತ್ತದೆ. ಸುಳಿಯ ಕೆಳಗಿನ ಬೆಳೆಯುವ ಅಂಗಾಂಶವೇ ಅಗಲವಾಗಿ ಹರಡಿ ಈ ಕೆಲಸ ಮಾಡುತ್ತದೆ. ಅಡಿಪಾಯ ಮುಗಿದ ಮೇಲೆ ಕಾಂಡ ಮೇಲೇಳುತ್ತದೆ. ಆಮೇಲೆ ಅದು ದಪ್ಪಗಾಗದಿದ್ದರೂ ಗಟ್ಟಿಯಾಗುವುದು ನಿಲ್ಲುವುದಿಲ್ಲ: ನಾರಿನ ಕೋಶಗಳ ಗೋಡೆ ವರ್ಷಗಟ್ಟಲೆ ದಪ್ಪಗಾಗುತ್ತ ಹೋಗುತ್ತದೆ. ಹಾಗಾಗಿ ಹಳೆಯ ಭಾಗವಾದ ಬುಡವೇ ಅತಿ ಗಟ್ಟಿ. ಬಲಿತ ತೆಂಗಿನ ಹೊರಭಾಗದ ಮರಮುಟ್ಟು ಘನ ಮೀಟರಿಗೆ 600 ಕಿಲೋಗಿಂತ ಹೆಚ್ಚು ತೂಗುತ್ತದೆ, ತಿರುಳಿನ ಭಾಗ 400 ಕಿಲೋಗಿಂತ ಕಡಿಮೆ. ಗಟ್ಟಿಯನ್ನು ಅಂಚಿಗೂ ಬುಡಕ್ಕೂ ಇಟ್ಟುಕೊಂಡ ಈ ಕಂಬ ಬಿರುಗಾಳಿಗೆ ಬಾಗಿ ಮತ್ತೆ ನೆಟ್ಟಗಾಗುತ್ತದೆ.

ಇನ್ನೊಂದು ಸಂಗತಿ ಇದಕ್ಕಿಂತ ದೊಡ್ಡದು. ಮಾವಿನ ಮರದಲ್ಲಿ ಆಹಾರ ಸಾಗಿಸುವ ಫ್ಲೋಯಂ ಹಳತಾದಂತೆ ಕೇಂಬಿಯಂ ಹೊಸದನ್ನು ಕಟ್ಟಿಕೊಡುತ್ತದೆ. ತೆಂಗಿಗೆ ಆ ಅನುಕೂಲವಿಲ್ಲ. ಬುಡದಲ್ಲಿ ಮೊದಲು ಹುಟ್ಟಿದ ಫ್ಲೋಯಂ ಕೋಶಗಳೇ ಆ ಮರ ಬದುಕಿರುವಷ್ಟು ಕಾಲವೂ, ಅಂದರೆ ಎತ್ತರದ ತಳಿಯಲ್ಲಿ ಅರವತ್ತು ಎಂಬತ್ತು ವರ್ಷ, ಜೀವಂತವಾಗಿದ್ದು ದುಡಿಯಬೇಕು, ದುಡಿಯುತ್ತವೆ. ಇಂಥ ದೀರ್ಘಾಯುಷಿ ಕೋಶಗಳು ಸಸ್ಯಲೋಕದಲ್ಲಿ ಅಪರೂಪ. ಈ ವಿಸ್ಮಯವನ್ನು ಮಕ್ಕಳಿಗೆ ಕಲಿಸಬೇಕಾದ ಜಾಗದಲ್ಲಿ ನಾವು ಕಲಿಸುತ್ತಿರುವುದು “ಅದು ಮರವಲ್ಲ” ಎಂಬ ಒಣ ತೀರ್ಪನ್ನು.

ಆ ತೀರ್ಪು ನಿಲ್ಲುತ್ತದೆಯೇ? ಕೇಂಬಿಯಂ ಇದ್ದರೆ ಮರ, ಇಲ್ಲದಿದ್ದರೆ ಅಲ್ಲ ಎಂಬ ನಿಯಮವನ್ನು ಅದರ ಕೊನೆಯವರೆಗೆ ಕೊಂಡೊಯ್ಯೋಣ. ಸೂರ್ಯಕಾಂತಿಯ ಕಾಂಡದಲ್ಲಿ ಕೇಂಬಿಯಂ ಇದೆ. ಪದವಿಪೂರ್ವ ತರಗತಿಯ ಪ್ರಯೋಗಶಾಲೆಯಲ್ಲಿ ದ್ವಿದಳ ಕಾಂಡದ ಮಾದರಿಯಾಗಿ ಸೂಕ್ಷ್ಮದರ್ಶಕದಡಿ ಇಡುವುದು ಅದನ್ನೇ. ಮೂರ್ನಾಲ್ಕು ತಿಂಗಳು ಬಾಳಿ ಒಣಗುವ ಸೂರ್ಯಕಾಂತಿ ಮರವೇ? ನಾವು ತಿನ್ನುವ ಕ್ಯಾರೆಟ್ ಗೆಡ್ಡೆ ಊದಿಕೊಳ್ಳುವುದೂ ಕೇಂಬಿಯಂನಿಂದಲೇ. ಅದು ಮರವೇ? ಕಂಬಂ ಕಣಿವೆಯ ಹೆಮ್ಮೆ ಪನ್ನೀರ್ ದ್ರಾಕ್ಷಿ. 2023ರಲ್ಲಿ ಭೌಗೋಳಿಕ ಗುರುತು ಪಡೆದ ಈ ಬೆಳೆಯ ಬಳ್ಳಿಯಲ್ಲಿ ಕೇಂಬಿಯಂ ಇದೆ, ಗಟ್ಟಿ ಕ್ಸೈಲಂ ಇದೆ, ವಯಸ್ಸಾದ ಹಾಗೆ ಬುಡ ದಪ್ಪಗಾಗುತ್ತದೆ. ಆದರೂ ಚಪ್ಪರ ಕಿತ್ತರೆ ಅದು ನೆಲಕ್ಕೆ ಬೀಳುತ್ತದೆ. ಯಾರೂ ಅದನ್ನು ಮರ ಎಂದದ್ದಿಲ್ಲ. ಅದೇ ಹೊಲದ ಬದುವಿನಲ್ಲಿ ಎಂಟು ಹತ್ತು ಆಳೆತ್ತರ ಎದ್ದು ಯಾವ ಆಸರೆಯೂ ಇಲ್ಲದೆ ಎರಡು ತಲೆಮಾರು ಕಾಲ ನಿಂತ ತೆಂಗನ್ನು ಹುಲ್ಲೆನ್ನಬೇಕಂತೆ. ಇರುವ ವಸ್ತುವನ್ನು ಬಿಟ್ಟು ಶಬ್ದಕ್ಕೆ ಜೋತುಬಿದ್ದರೆ ತಲುಪುವ ಜಾಗ ಇದು.

ಇನ್ನೊಂದು ಬದಿಯಿಂದಲೂ ನಿಯಮ ಕುಸಿಯುತ್ತದೆ. ಪಶ್ಚಿಮಘಟ್ಟದ ತೊರೆಗಳ ದಂಡೆಯಲ್ಲಿ ಬೆಳೆಯುವ ಮರಜರೀಗಿಡಗಳಲ್ಲಿ ದ್ವಿತೀಯಕ ಬೆಳವಣಿಗೆ ಇಲ್ಲ. ಆದರೂ ಸಸ್ಯಶಾಸ್ತ್ರಜ್ಞರೇ ಅವಕ್ಕೆ ಇಟ್ಟ ಹೆಸರಿನಲ್ಲಿ ‘ಮರ’ ಇದೆ. ತೆಂಗೂ ಸೇರಿರುವ ಏಕದಳ ಸಸ್ಯಗಳಲ್ಲೇ ಡ್ರಸೀನಾ, ಯುಕ್ಕಾದಂಥವು ಬೇರೊಂದು ಬಗೆಯ ಕೇಂಬಿಯಂ ಮಾಡಿಕೊಂಡು ದಪ್ಪಗಾಗುತ್ತವೆ. ಕೆನರಿ ದ್ವೀಪಗಳ ಡ್ರಾಗನ್ ಮರ ಆ ಪೈಕಿಯದು. ಕಲ್ಲಿದ್ದಲಿನ ಯುಗದಲ್ಲಿ ಕಾಡು ಕಟ್ಟಿದ ಲೆಪಿಡೋಡೆಂಡ್ರಾನ್‌ಗಳ ಕಾಂಡದ ಬಹುಪಾಲು ತೊಗಟೆಯೇ ಆಗಿತ್ತು, ಒಳಗಿನ ಕ್ಸೈಲಂ ಸಣ್ಣ ಎಳೆಯಷ್ಟು. ಅವುಗಳನ್ನೂ ಪಳೆಯುಳಿಕೆ ತಜ್ಞರು ಮರಗಳೆಂದೇ ಕರೆಯುತ್ತಾರೆ. ಸಸ್ಯಗಳ ಇತಿಹಾಸದಲ್ಲಿ ಮರವಾಗುವುದು ಒಂದೇ ಸಲ ನಡೆದ ಘಟನೆಯಲ್ಲ. ಬೆಳಕಿಗಾಗಿ ಮೇಲೇಳಬೇಕೆಂಬ ಒತ್ತಡಕ್ಕೆ ಬೇರೆ ಬೇರೆ ಕುಲಗಳು ಬೇರೆ ಬೇರೆ ಕಾಲದಲ್ಲಿ ಬೇರೆ ಬೇರೆ ಅಂಗರಚನೆಯಿಂದ ಉತ್ತರ ಕಂಡುಕೊಂಡಿವೆ. ಕೇಂಬಿಯಂ ಅಂಥ ಉತ್ತರಗಳಲ್ಲಿ ಒಂದು. ಅದು ಬಹಳ ಯಶಸ್ವಿಯಾದ ಉತ್ತರ ಹೌದು, ಏಕೈಕ ಉತ್ತರವಲ್ಲ.

ಆದ್ದರಿಂದಲೇ ಮರಗಳನ್ನೇ ಬದುಕಿನುದ್ದ ಅಧ್ಯಯನ ಮಾಡಿದವರು ತೆಂಗು ಸೇರಿದ ತಾಳೆಯ ಕುಲವನ್ನು ಎಂದೂ ಹೊರಗಿಟ್ಟಿಲ್ಲ. ಗ್ರೀಸಿನ ಥಿಯೋಫ್ರಾಸ್ಟಸ್ ಎರಡು ಸಾವಿರದ ಮುನ್ನೂರು ವರ್ಷಗಳ ಹಿಂದೆ ಸಸ್ಯಗಳನ್ನು ಮರ, ಪೊದೆ, ಕಿರುಪೊದೆ, ಮೂಲಿಕೆ ಎಂದು ವಿಂಗಡಿಸಿದಾಗ ಖರ್ಜೂರ ಮರಗಳ ಸಾಲಿನಲ್ಲಿತ್ತು. ಈ ಗಡಿಗಳು ಸ್ಥೂಲವಾದವು, ಒಂದರೊಳಗೊಂದು ಹಾಯುತ್ತವೆ ಎಂದೂ ಆತ ಎಚ್ಚರಿಸಿದ್ದ. 1978ರಲ್ಲಿ ಹಾಲೆ, ಓಲ್ಡೆಮನ್, ಟಾಮ್ಲಿನ್‌ಸನ್ ಸೇರಿ ಉಷ್ಣವಲಯದ ಮರಗಳ ವಿನ್ಯಾಸವನ್ನು ಮಾದರಿಗಳಾಗಿ ವರ್ಗೀಕರಿಸಿದರು. ಒಂಟಿ ಕಾಂಡ, ಪಕ್ಕದಲ್ಲಿ ಹೊಂಬಾಳೆ ಬಿಡುವ ತೆಂಗು ಅಲ್ಲಿ ‘ಕಾರ್ನರ್ ಮಾದರಿ’ಗೆ ಸೇರಿತು. ಬಾಳಿನ ಕೊನೆಯಲ್ಲಿ ಒಮ್ಮೆ ತುದಿಯಲ್ಲಿ ಹೂಬಿಟ್ಟು ಸಾಯುವ ಶ್ರೀತಾಳೆ ‘ಹೋಲ್ಟಮ್ ಮಾದರಿ’ಗೆ ಸೇರಿತು. ಟಾಮ್ಲಿನ್‌ಸನ್ ತಾಳೆಗಳ ಅಂಗರಚನೆಯನ್ನು ದಶಕಗಟ್ಟಲೆ ಸೂಕ್ಷ್ಮದರ್ಶಕದಡಿ ನೋಡಿದ ವಿದ್ವಾಂಸ. ತೆಂಗಿನಲ್ಲಿ ಕೇಂಬಿಯಂ ಇಲ್ಲವೆಂಬುದು ಅವರಿಗಿಂತ ಚೆನ್ನಾಗಿ ಯಾರಿಗೆ ಗೊತ್ತಿತ್ತು? ಅದು ಗೊತ್ತಿದ್ದೂ ಅವರು ತಾಳೆಗಳನ್ನು ಮರಗಳ ಗ್ರಂಥದಲ್ಲಿಟ್ಟರು.

ಇನ್ನು “ಹುಲ್ಲು” ಎಂಬ ಮಾತು. ಇದು ವಾದದ ಅತಿ ದುರ್ಬಲ ತುಂಡು. ಹುಲ್ಲುಗಳ ಕುಟುಂಬ ಪೊಯೇಸಿ: ಭತ್ತ, ರಾಗಿ, ಜೋಳ, ಕಬ್ಬು, ಬಿದಿರು ಅದರವು. ತೆಂಗು, ಅಡಕೆ, ತಾಳೆ, ಈಚಲು, ಬಗನಿಯ ಕುಟುಂಬ ಅರೆಕೇಸಿ. ಎರಡೂ ಏಕದಳ ಸಸ್ಯಗಳೆಂಬುದು ನಿಜ. ಆದರೆ ಶುಂಠಿಯೂ ಏಲಕ್ಕಿಯೂ ಈರುಳ್ಳಿಯೂ ಸೀತಾಳೆ ಹೂವೂ ಏಕದಳಗಳೇ. ಏಕದಳವೆಂದರೆ ಹುಲ್ಲು ಎಂಬ ಸಮೀಕರಣ ಯಾವ ಸಸ್ಯಶಾಸ್ತ್ರದಲ್ಲೂ ಇಲ್ಲ. ಈ ಗೊಂದಲದ ಮೂಲ ನಮ್ಮ ಪಾಠಕ್ರಮದಲ್ಲೇ ಇದೆ. ಏಕದಳ ಕಾಂಡಕ್ಕೆ ಮುಸುಕಿನ ಜೋಳ, ದ್ವಿದಳ ಕಾಂಡಕ್ಕೆ ಸೂರ್ಯಕಾಂತಿ ಎಂದು ಎರಡೇ ಮಾದರಿ ತೋರಿಸಿ ಅಧ್ಯಾಯ ಮುಗಿಸುತ್ತೇವೆ. ಜೋಳದ ದಂಟಿನಲ್ಲಿ ನಾಳಗಳ ಕಂತೆ ಚೆದುರಿರುವುದನ್ನು ಕಂಡ ವಿದ್ಯಾರ್ಥಿ ತೆಂಗಿನಲ್ಲೂ ಅದನ್ನೇ ಕಂಡಾಗ ತೆಂಗು ಉದ್ದನೆಯ ಜೋಳದ ದಂಟು ಎಂದುಕೊಳ್ಳುತ್ತಾನೆ. ತಪ್ಪು ಅವನದಲ್ಲ. ಮೂರನೆಯ ಮಾದರಿಯಾಗಿ ಒಂದು ತುಂಡು ತೆಂಗನ್ನು ಮೇಜಿನ ಮೇಲಿಡದ ನಮ್ಮದು.

ಈ ವಾದಿಗಳು ಕೆಲವೊಮ್ಮೆ ತೊಲ್ಕಾಪ್ಪಿಯಂ ಅನ್ನೂ ಸಾಕ್ಷಿಗೆ ಕರೆಯುತ್ತಾರೆ. ಆ ಪ್ರಾಚೀನ ತಮಿಳು ವ್ಯಾಕರಣದ ಮರಬಿಯಲ್ ಭಾಗದಲ್ಲಿ ಹೊರಗೆ ಗಟ್ಟಿ ಇರುವುದು ‘ಪುಲ್’, ಒಳಗೆ ಗಟ್ಟಿ ಇರುವುದು ‘ಮರಂ’ ಎಂಬ ವಿಂಗಡಣೆ ಇದೆ. ಸೂಕ್ಷ್ಮದರ್ಶಕವಿಲ್ಲದ ಕಾಲದಲ್ಲಿ ಚೇಗು ಎಲ್ಲಿದೆ ಎಂಬುದನ್ನು ಹಿಡಿದು ಸಸ್ಯಗಳನ್ನು ಬೇರ್ಪಡಿಸಿದ ಆ ಕಣ್ಣಿಗೆ ನಾನು ತಲೆಬಾಗುತ್ತೇನೆ. ಯುರೋಪಿನಲ್ಲಿ ಈ ಎರಡು ಬಗೆಯ ಕಾಂಡಗಳ ವ್ಯತ್ಯಾಸವನ್ನು ಫ್ರೆಂಚ್ ವಿಜ್ಞಾನಿ ದೆಫೋಂತೇನ್ ಸ್ಪಷ್ಟವಾಗಿ ನಿರೂಪಿಸಿದ್ದು ಹದಿನೆಂಟನೆಯ ಶತಮಾನದ ಕೊನೆಗೆ. ಆದರೆ ಅಲ್ಲಿನ ‘ಪುಲ್’ ಎಂಬುದು ಅಂಗರಚನೆಯ ಒಂದು ವರ್ಗಕ್ಕೆ ಇಟ್ಟ ಶಾಸ್ತ್ರದ ಹೆಸರು. ಆ ಸೂತ್ರವನ್ನು ಬಾಯಿಪಾಠ ಮಾಡಿದ ತಮಿಳರೇ ತೆನ್ನೈ ಮರಂ, ಪನೈ ಮರಂ ಎನ್ನುವುದನ್ನು ಒಂದು ದಿನವೂ ಬಿಟ್ಟಿಲ್ಲ. ಸಂಸ್ಕೃತದ ಅಮರಕೋಶ ಇನ್ನೂ ನೇರವಾಗಿ ಬಗೆಹರಿಸಿದೆ: ಖರ್ಜೂರ, ತಾಳೆ ಮುಂತಾದವನ್ನು ಅದು ‘ತೃಣದ್ರುಮ’ ಎಂಬ ಗುಂಪಿಗೆ ಸೇರಿಸುತ್ತದೆ. ಒಳರಚನೆಯಲ್ಲಿ ಹುಲ್ಲಿನ ಹಾಗೆ, ನಿಲುವಿನಲ್ಲಿ ಮರ. ಎರಡನ್ನೂ ಒಟ್ಟಿಗೆ ಹೇಳಬಹುದೆಂದು ನಮ್ಮ ಹಿರಿಯರಿಗೆ ತಿಳಿದಿತ್ತು.

“ಹಾಗಾದರೆ ಬಾಳೆಯೂ ಮರವೇ?” ಎಂದು ಕೇಳುವವರಿದ್ದಾರೆ. ನ್ಯಾಯವಾದ ಪ್ರಶ್ನೆ. ಉತ್ತರ ಅಲ್ಲ ಎಂದೇ, ಆದರೆ ಕಾರಣ ಕೇಂಬಿಯಂ ಅಲ್ಲ. ಬಾಳೆಯಲ್ಲಿ ನಮಗೆ ಕಂಬದಂತೆ ಕಾಣುವುದು ಕಾಂಡವೇ ಅಲ್ಲ, ಒಂದರ ಮೇಲೊಂದು ಸುತ್ತಿಕೊಂಡ ಎಲೆಬುಡಗಳ ಪಟ್ಟೆ. ನಿಜವಾದ ಕಾಂಡ ಮಣ್ಣಿನೊಳಗಿನ ಗೆಡ್ಡೆ. ಗೊನೆ ಹಾಕುವ ಹೊತ್ತಿಗೆ ಅದರಿಂದ ಎದ್ದು ಪಟ್ಟೆಗಳ ನಡುವೆ ತೂರಿ ಬರುವುದು ದಿಂಡು. ಗೊನೆ ಬಲಿತರೆ ಆ ಕಂಬದ ಬಾಳು ಮುಗಿಯಿತು. ಬುಡದ ಕಂದು ಮುಂದಿನದು. ಹೀಗೆ ಮರಕ್ಕಿರಬೇಕಾದ ಎರಡು ಗುಣಗಳು, ಅಂದರೆ ಗಟ್ಟಿಯಾದ ಕಾಂಡ ಮತ್ತು ವರ್ಷಗಟ್ಟಲೆ ನಿಲ್ಲುವ ನೆಲೆ, ಬಾಳೆಯಲ್ಲಿಲ್ಲ. ಕನ್ನಡದ ರೂಢಿಯನ್ನು ನೋಡಿ: ತೆಂಗಿನ ಮರ, ಅಡಕೆ ಮರ, ಈಚಲು ಮರ, ಆದರೆ ಬಾಳೆ ಗಿಡ, ಬಿದಿರು ಮೆಳೆ, ದ್ರಾಕ್ಷಿ ಬಳ್ಳಿ. ಹೊಲದಲ್ಲಿ ದುಡಿದವರ ಭಾಷೆ ನಿಲುವು, ಬಾಳಿಕೆ, ಆಸರೆ ಮೂರನ್ನೂ ಅಳೆದು ಹೆಸರಿಟ್ಟಿದೆ. ರಸಪ್ರಶ್ನೆಯ ನಿಯಮಕ್ಕಿಂತ ಅದು ಎಷ್ಟೋ ಪಾಲು ನಿಖರ.

ಇದು ಬರಿಯ ಶಬ್ದದ ಜಗಳವಾಗಿದ್ದರೆ ಇಷ್ಟು ಬರೆಯಬೇಕಿರಲಿಲ್ಲ. 2016ರ ಜನವರಿಯಲ್ಲಿ ಗೋವಾ ಸರ್ಕಾರ ತನ್ನ 1984ರ ಮರಗಳ ಸಂರಕ್ಷಣಾ ಕಾಯ್ದೆಗೆ ತಿದ್ದುಪಡಿ ತಂದು ತೆಂಗನ್ನು ಮರದ ವ್ಯಾಖ್ಯೆಯಿಂದ ಹೊರಗಿಟ್ಟಿತು. ಕಾಂಡದಿಂದ ಕೊಂಬೆ ಚಿಗುರುವ ಗಟ್ಟಿ ಸಸ್ಯವೇ ಮರ ಎಂಬುದು ಆ ಕಾಯ್ದೆಯ ಮೂಲ ವ್ಯಾಖ್ಯೆ. ತೆಂಗಿಗೆ ಕೊಂಬೆ ಇಲ್ಲವಲ್ಲ ಎಂಬ ಸಸ್ಯಶಾಸ್ತ್ರದ ಮಾತು ಆಗ ಬೆಂಬಲಕ್ಕೆ ಬಂತು. ಪರಿಣಾಮ ಮಾತ್ರ ಸಸ್ಯಶಾಸ್ತ್ರದ್ದಾಗಿರಲಿಲ್ಲ: ತೆಂಗು ಕಡಿಯಲು ಅನುಮತಿ ಬೇಕಿಲ್ಲ ಎಂದಾಯಿತು. ಜನ ಬೀದಿಗಿಳಿದರು. 2017ರಲ್ಲಿ ಮುಂದಿನ ಸರ್ಕಾರ ತೆಂಗಿಗೆ ಮರದ ಸ್ಥಾನವನ್ನು ಮರಳಿಸಿ ರಾಜ್ಯವೃಕ್ಷದ ಗೌರವ ಕೊಡಲು ತೀರ್ಮಾನಿಸಿತು. ಒಂದೂವರೆ ವರ್ಷದಲ್ಲಿ ತೆಂಗಿನ ಅಂಗರಚನೆ ಬದಲಾಗಲಿಲ್ಲ. ಕೊಂಬೆಯ ವಾದವೂ ಟೊಳ್ಳು: ಗುಜರಾತ್ ಕರಾವಳಿಯಲ್ಲೂ ದಿಯುವಿನಲ್ಲೂ ಬೆಳೆಯುವ ಹೊಕ್ಕಾ ತಾಳೆ ಕವಲೊಡೆದು ಕೊಂಬೆ ಬಿಡುತ್ತದೆ.

ಬಿದಿರಿನ ಕಥೆಯನ್ನೂ ಇಲ್ಲಿ ನೋಡಬೇಕು. 1927ರ ಭಾರತೀಯ ಅರಣ್ಯ ಕಾಯ್ದೆಯಲ್ಲಿ ತಾಳೆ ಜಾತಿಗಳೂ ಬಿದಿರೂ ಮರದ ವ್ಯಾಖ್ಯೆಯಲ್ಲಿದ್ದವು. 2017ರಲ್ಲಿ ಬಿದಿರನ್ನು ಅದರಿಂದ ತೆಗೆದರು. ತಮ್ಮ ಜಮೀನಿನಲ್ಲಿ ಬಿದಿರು ಬೆಳೆದ ರೈತರಿಗೆ ಕಡಿಯುವ, ಸಾಗಿಸುವ ಪರವಾನಗಿಯ ಕಾಟ ತಪ್ಪಿತು. ಆ ಫಲವನ್ನು ನಾನು ಸ್ವಾಗತಿಸುತ್ತೇನೆ. ಆದರೆ ರೈತರಿಗೆ ಅನುಕೂಲ ಮಾಡಲು ವಿನಾಯಿತಿಯ ದಾರಿ ಯಾವಾಗಲೂ ಇತ್ತು. ಕರ್ನಾಟಕದ 1976ರ ಮರಗಳ ಸಂರಕ್ಷಣಾ ಕಾಯ್ದೆ ಹಾಗೆಯೇ ಮಾಡಿದೆ: ತೆಂಗು, ಸರ್ವೆ, ನೀಲಗಿರಿ, ಸಿಲ್ವರ್ ಓಕ್ ಮುಂತಾದವನ್ನು ಕಡಿಯಲು ಅನುಮತಿ ಬೇಡವೆಂದಿತು. ಸರ್ವೆಯೂ ನೀಲಗಿರಿಯೂ ಮರವಲ್ಲ ಎಂದು ಸಾಧಿಸಲು ಹೋಗಲಿಲ್ಲ. ನೀತಿಯನ್ನು ನೀತಿಯಾಗಿ ಹೇಳುವ ಪ್ರಾಮಾಣಿಕತೆ ಅದರಲ್ಲಿದೆ. ಬೇಕಾದ ನೀತಿಗೆ ವಿಜ್ಞಾನದ ಹೊದಿಕೆ ಹೊದಿಸಿದರೆ ಜನ ಪ್ರಶ್ನೆ ಕೇಳುವ ಹಕ್ಕನ್ನೇ ಕಳೆದುಕೊಳ್ಳುತ್ತಾರೆ. ಮರ ಕಡಿಯಬೇಕೋ ಬೇಡವೋ ಎಂಬುದನ್ನು ಊರು ಕೂತು ಚರ್ಚಿಸಬಹುದು. ಕೇಂಬಿಯಂ ಇದೆಯೋ ಇಲ್ಲವೋ ಎಂಬುದನ್ನು ಚರ್ಚಿಸಲಾಗದು.

ತಮಿಳುನಾಡಿನ ಉದಾಹರಣೆ ಬೇರೆಯೇ ಇದೆ. ಅದರ ರಾಜ್ಯವೃಕ್ಷ ತಾಳೆ, ತೆಂಗಿನ ಹಾಗೆಯೇ ಕೇಂಬಿಯಂ ಇಲ್ಲದ್ದು. 2021ರ ಆಗಸ್ಟಿನಲ್ಲಿ ಮಂಡಿಸಿದ ಕೃಷಿ ಬಜೆಟ್ಟಿನಲ್ಲಿ ತಾಳೆ ಕಡಿಯಲು ಜಿಲ್ಲಾಧಿಕಾರಿಯ ಅನುಮತಿ ಕಡ್ಡಾಯವೆಂದು ಘೋಷಿಸಲಾಯಿತು. ಅದಕ್ಕೂ ಮೊದಲು, 2018ರ ನವೆಂಬರಿನಲ್ಲಿ ಗಜ ಚಂಡಮಾರುತ ನಾಗಪಟ್ಟಣದ ಕರಾವಳಿಯಿಂದ ದಿಂಡಿಗಲ್‌ವರೆಗೆ ನುಗ್ಗಿ ಲಕ್ಷಗಟ್ಟಲೆ ತೆಂಗುಗಳನ್ನು ಬುಡಮೇಲು ಮಾಡಿದಾಗ ಪರಿಹಾರವನ್ನು ಮರದ ಲೆಕ್ಕದಲ್ಲಿ ನಿಗದಿ ಮಾಡಿದರು: ಬಿದ್ದ ಪ್ರತಿ ಮರಕ್ಕೆ 600 ರೂಪಾಯಿ, ಕಡಿದು ತೆರವು ಮಾಡಲು 500 ರೂಪಾಯಿ. ಆ ಮೊತ್ತ ಸಾಕಾಗಿತ್ತೇ ಎಂಬುದು ಬೇರೆ ಮಾತು. ಒಂದೊಂದು ತೆಂಗೂ ಒಂದೊಂದು ನಷ್ಟ, ಮತ್ತೆ ನೆಟ್ಟು ವರ್ಷಗಟ್ಟಲೆ ಕಾಯಬೇಕಾದ ನಷ್ಟ ಎಂಬುದನ್ನಾದರೂ ಆ ಲೆಕ್ಕ ಒಪ್ಪಿಕೊಂಡಿತ್ತು. ಹುಲ್ಲಿನ ಬೆಳೆಗೆ ಹಾಗೆ ಎಣಿಸುವುದಿಲ್ಲ.

ಕೇಂಬಿಯಂ ಎಂಬ ಶಬ್ದವನ್ನು ತೆಂಗಿನ ತೋಟಕ್ಕೆ ತರಲೇಬಾರದೆಂದು ನಾನು ಹೇಳುತ್ತಿಲ್ಲ. ತರಬೇಕು, ಅದರ ನಿಜವಾದ ಕೆಲಸಕ್ಕೆ ತರಬೇಕು. ಕಸಿ ಕೂಡುವುದು ಎರಡು ಕೊಂಬೆಗಳ ಕೇಂಬಿಯಂ ಒಂದಕ್ಕೊಂದು ತಾಗಿ ಬೆಸೆದಾಗ. ಮಾವಿಗೂ ದ್ರಾಕ್ಷಿಗೂ ಕಸಿ ಕಟ್ಟುತ್ತೇವೆ. ತೆಂಗಿಗೆ ಕಟ್ಟಲಾಗದು, ಆದ್ದರಿಂದಲೇ ಅಲ್ಲಿ ತಾಯಿ ಮರದ ಆಯ್ಕೆ, ಬೀಜದ ಕಾಯಿಯ ಆಯ್ಕೆ ಅಷ್ಟು ಮುಖ್ಯ. ಮಾವಿನ ಕಾಂಡಕ್ಕೆ ಗಾಯವಾದರೆ ಕೇಂಬಿಯಂ ಹೊಸ ಅಂಗಾಂಶ ಬೆಳೆಸಿ ವರ್ಷಗಳಲ್ಲಿ ಮುಚ್ಚುತ್ತದೆ. ತೆಂಗಿನ ಗಾಯ ಎಂದೂ ಮುಚ್ಚದು. ಹತ್ತಲು ಅನುಕೂಲವಾಗಲೆಂದು ಕಾಂಡದಲ್ಲಿ ಕಚ್ಚು ಹಾಕುವುದು, ಮೊಳೆ ಹೊಡೆದು ಫಲಕ ತೂಗುಹಾಕುವುದು, ಟ್ರ್ಯಾಕ್ಟರ್ ತಾಗಿಸಿ ಸಿಪ್ಪೆ ಎಬ್ಬಿಸುವುದು ಕೆಂಪುಮೂತಿ ಹುಳುವಿಗೂ ಕೊಳೆಗೂ ಶಾಶ್ವತ ಬಾಗಿಲು ತೆರೆದಂತೆ. ಸುಳಿ ಒಂದೇ, ರೈನೋಸರಸ್ ದುಂಬಿ ಅದನ್ನು ಕೊರೆದು ಕೊಂದರೆ ಪಕ್ಕದಿಂದ ಚಿಗುರಿ ಬದುಕುವ ದಾರಿ ಇಲ್ಲ. ತೆಂಗಿಗೆ ಕೇಂಬಿಯಂ ಇಲ್ಲ ಎಂಬ ಅರಿವಿನಿಂದ ಹುಟ್ಟಬೇಕಾದ ನಡವಳಿಕೆ ಇದು: ಹೆಚ್ಚಿನ ಎಚ್ಚರ, ಹೆಚ್ಚಿನ ಕಾಳಜಿ. ಮಾವಿಗಿಂತ ತೆಂಗು ಗಾಯಕ್ಕೆ ಹೆಚ್ಚು ಸುಲಭವಾಗಿ ತುತ್ತಾಗುವ ಮರ ಎಂಬುದೇ ಆ ಶಬ್ದ ನಮಗೆ ಕೊಡುವ ಪಾಠ. ಅದೇ ಶಬ್ದವನ್ನು ತೆಂಗಿನ ರಕ್ಷಣೆ ಕಳಚಲು ಬಳಸುವುದು ಆ ಪಾಠವನ್ನೇ ತಿರುಗುಮುರುಗು ಮಾಡಿದಂತೆ.

ನನ್ನ ಬೇಡಿಕೆ ಸ್ಪಷ್ಟ. ಪಠ್ಯಪುಸ್ತಕಗಳು ತೆಂಗನ್ನು ‘ಕೇಂಬಿಯಂ ಇಲ್ಲದೆ ಬೆಳೆಯುವ ಮರ’ ಎಂದು ಬರೆಯಲಿ. ಪ್ರಯೋಗಶಾಲೆಯಲ್ಲಿ ಜೋಳ, ಸೂರ್ಯಕಾಂತಿಯ ಪಕ್ಕದಲ್ಲಿ ತೆಂಗಿನ ತುಂಡೂ ಇರಲಿ. ರಸಪ್ರಶ್ನೆ ಬರೆಯುವವರು ‘ತೆಂಗು ಮರವೇ?’ ಎಂದು ಕೇಳುವ ಬದಲು ‘ದಪ್ಪಗಾಗದೆಯೂ ತೆಂಗು ಹೇಗೆ ಗಟ್ಟಿಯಾಗುತ್ತದೆ?’ ಎಂದು ಕೇಳಲಿ. ಕಾನೂನು ಬರೆಯುವವರು ವಿನಾಯಿತಿ ಕೊಡಬೇಕೆನಿಸಿದರೆ ಅದರ ಕಾರಣವನ್ನು ಜನರ ಮುಂದಿಟ್ಟು ಕೊಡಲಿ. ಅಂಗರಚನೆಯ ಶಬ್ದವನ್ನು ಕೊಡಲಿಯ ಕಾವಾಗಿ ಮಾಡದಿರಲಿ. ಮಾರ್ಕಯನ್‌ಕೋಟ್ಟೈಯಲ್ಲಾಗಲಿ, ತಿಪಟೂರಿನಲ್ಲಾಗಲಿ, ಕಾಸರಗೋಡಿನಲ್ಲಾಗಲಿ ಒಂದು ಮಗು ತೆಂಗನ್ನು ತೋರಿಸಿ ಮರ ಎಂದರೆ ಅದನ್ನು ತಿದ್ದುವ ಅಗತ್ಯವಿಲ್ಲ. ಮಗು ಸರಿಯಾಗಿಯೇ ಹೇಳಿದೆ, ಮತ್ತು ವಿಜ್ಞಾನ ಅದರ ಪರವಾಗಿಯೇ ಇದೆ.